ಜಿಮ್ ಅಬಾಟ್ ಅವರ ಪಿಚಿಂಗ್ ಜೀವನ: 1993ರ ನೋ-ಹಿಟರ್ ಜೊತೆಗೆ 1996ರ ಸೋಲುಗಳನ್ನೂ ಓದಬೇಕಲ್ಲವೇ?

ಅಂಗಳದಂಚು (ಚರ್ಚೆ ಆರಂಭಿಸಿದವರು)

ಬಲಗೈಗೆ ಅಂಗೈಯಾಗಲಿ ಬೆರಳುಗಳಾಗಲಿ ಇಲ್ಲದೆ ಹುಟ್ಟಿ, ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ ಹತ್ತು ಋತುಗಳ ಕಾಲ ಪಿಚರ್ (ಬ್ಯಾಟರ್‌ಗೆ ಚೆಂಡೆಸೆಯುವವ) ಆಗಿ ಆಡಿದ ಜಿಮ್ ಅಬಾಟ್ ಅವರ ಬಗ್ಗೆ ಕನ್ನಡದಲ್ಲಿ ಆಗಾಗ ಚಿಕ್ಕ ಸ್ಫೂರ್ತಿಕಥೆಗಳು ಹರಿದಾಡುತ್ತಿರುತ್ತವೆ. ಅವುಗಳಲ್ಲಿ ಹೆಚ್ಚಿನವು 1993ರ ಸೆಪ್ಟೆಂಬರ್ 4ರಂದು ನ್ಯೂಯಾರ್ಕ್‌ನ ಯಾಂಕೀ ಸ್ಟೇಡಿಯಂನಲ್ಲಿ ಅವರು ಸಾಧಿಸಿದ ನೋ-ಹಿಟರ್‌ಗೆ (ಎದುರಾಳಿಗೆ ಒಂದೂ ಹಿಟ್, ಅಂದರೆ ಹೊಡೆದು ಬೇಸ್ ಸೇರುವ ಅವಕಾಶ, ಕೊಡದ ಪಂದ್ಯಕ್ಕೆ) ಬಂದು ನಿಂತುಬಿಡುತ್ತವೆ. ಆ ದಿನದ ನಂತರ ಅವರು ಇನ್ನೂ ಆರು ವರ್ಷ ಈ ಆಟವನ್ನೇ ನೆಚ್ಚಿದ್ದರು, ಅವುಗಳಲ್ಲಿ ಒಂದು ವರ್ಷ 2 ಗೆಲುವು ಮತ್ತು 18 ಸೋಲುಗಳೊಂದಿಗೆ ಮುಗಿಯಿತು, ಮತ್ತೊಂದು ವರ್ಷ ಅವರಿಗೆ ತಂಡವೇ ಇರಲಿಲ್ಲ ಎಂಬುದನ್ನು ಆ ಕಥೆಗಳು ಹೇಳುವುದಿಲ್ಲ.

ನನ್ನ ಅಭಿಪ್ರಾಯವನ್ನು ಮೊದಲೇ ಸ್ಪಷ್ಟವಾಗಿ ಹೇಳುತ್ತೇನೆ. ಅಬಾಟ್ ಅವರು ಬಾಲ್ಯದಿಂದಲೂ ಬಯಸಿದ್ದು ತಮ್ಮನ್ನು ಉಳಿದ ಪಿಚರ್‌ಗಳ ಸಾಲಿನಲ್ಲಿ ನಿಲ್ಲಿಸಿ ಅಳೆಯಬೇಕೆಂದು. ಆ ಬಯಕೆಗೆ ನಾವು ಬೆಲೆ ಕೊಡುವುದಾದರೆ ಅವರ ಸಂಪೂರ್ಣ ಲೆಕ್ಕವನ್ನು ಓದಬೇಕು. ಆ ಲೆಕ್ಕ ಹೀಗಿದೆ: ಒಟ್ಟು 87 ಗೆಲುವು, 108 ಸೋಲು, ಅರ್ನ್ಡ್ ರನ್ ಸರಾಸರಿ (ಪ್ರತಿ ಒಂಬತ್ತು ಇನ್ನಿಂಗ್ಸ್‌ಗೆ ಕೊಟ್ಟ ರನ್) 4.25, ಸ್ಟ್ರೈಕ್‌ಔಟ್‌ಗಳು (ಮೂರು ಸ್ಟ್ರೈಕ್‌ಗಳಿಂದ ಬ್ಯಾಟರ್‌ನನ್ನು ಔಟ್ ಮಾಡಿದ್ದು) 888. ಈ ಸಂಖ್ಯೆಗಳನ್ನು ಮುಚ್ಚಿಟ್ಟು ಕೇವಲ ಮೆಚ್ಚುಗೆಯ ಮಾತನಾಡುವುದು ಅವರ ವಿಷಯದಲ್ಲಿ ಒಂದು ಬಗೆಯ ರಿಯಾಯಿತಿ ತೋರಿದಂತೆ ಎಂದು ನನಗೆ ಅನಿಸುತ್ತದೆ. ಬಲ್ಲವರು ವಿವರವಾಗಿ ಬರೆಯಬೇಕೆಂದು ಕೋರುತ್ತೇನೆ.

ಮಿಶಿಗನ್ ವಾಸಿ

ಒಳ್ಳೆಯ ವಿಷಯವನ್ನು ಎತ್ತಿದ್ದೀರಿ. ಅವರ ಹುಟ್ಟೂರಿನ ಬಗ್ಗೆ ಸ್ವಲ್ಪ ಸೇರಿಸುತ್ತೇನೆ, ಏಕೆಂದರೆ ಫ್ಲಿಂಟ್ ನಗರವನ್ನು ಬಿಟ್ಟು ಅವರ ಸ್ವಭಾವವನ್ನು ಅರ್ಥಮಾಡಿಕೊಳ್ಳುವುದು ಕಷ್ಟ.

ಅವರು ಹುಟ್ಟಿದ್ದು 1967ರ ಸೆಪ್ಟೆಂಬರ್ 19ರಂದು, ಮಿಶಿಗನ್ ರಾಜ್ಯದ ಫ್ಲಿಂಟ್‌ನಲ್ಲಿ. ಜನರಲ್ ಮೋಟಾರ್ಸ್ ಕಂಪನಿಯ ಕಾರು ಕಾರ್ಖಾನೆಗಳನ್ನೇ ನಂಬಿಕೊಂಡಿದ್ದ, ಪಾಳಿ ಕೆಲಸದ ಊರು ಅದು. ಅಲ್ಲಿನ ಮಕ್ಕಳಿಗೆ ಆಟವೆಂದರೆ ಪ್ರಾಣ. ಮಗು ಹುಟ್ಟಿದಾಗ ತಂದೆ ತಾಯಿಯರಿಬ್ಬರೂ ಇನ್ನೂ ಹದಿಹರೆಯ ದಾಟದವರು. ಎಳವೆಯಲ್ಲಿ ಆ ಮಗುವಿಗೆ ಲೋಹದ ಕೊಕ್ಕೆಯಿರುವ ಕೃತಕ ಕೈ ತೊಡಿಸಲಾಗಿತ್ತು. ಅದು ಭಾರವಾಗಿತ್ತು, ಉಳಿದ ಮಕ್ಕಳು ನೋಡಿ ಹೆದರುತ್ತಿದ್ದರು, ಆಟಕ್ಕಂತೂ ಸಂಪೂರ್ಣ ಅಡ್ಡಿಯಾಗುತ್ತಿತ್ತು. ಶಾಲೆಗೆ ಹೋಗತೊಡಗಿದ ಹೊತ್ತಿಗೆ ಹುಡುಗ ಅದನ್ನು ಬಿಟ್ಟುಬಿಟ್ಟ, ಹೆತ್ತವರೂ ಒತ್ತಾಯಿಸಲಿಲ್ಲ.

ಮನೆಯ ಇಟ್ಟಿಗೆ ಗೋಡೆಗೆ ರಬ್ಬರ್ ಚೆಂಡನ್ನು ಎಸೆದು, ಅದು ಪುಟಿದು ಬರುವಷ್ಟರಲ್ಲಿ ಗ್ಲೌಸನ್ನು ಎಡಗೈಗೆ ಸೇರಿಸಿಕೊಂಡು ಹಿಡಿಯುವ ಅಭ್ಯಾಸವನ್ನು ಅವರು ಗಂಟೆಗಟ್ಟಲೆ ಮಾಡುತ್ತಿದ್ದರು. ಸ್ವಲ್ಪ ಪಳಗಿದ ಮೇಲೆ ಗೋಡೆಗೆ ಇನ್ನಷ್ಟು ಹತ್ತಿರ ನಿಲ್ಲುತ್ತಿದ್ದರು, ಆಗ ಚೆಂಡು ಇನ್ನಷ್ಟು ಬೇಗ ಹಿಂತಿರುಗುತ್ತಿತ್ತು. ಮೇಜರ್ ಲೀಗ್‌ನಲ್ಲಿ ಅವರು ಬಳಸಿದ ಕ್ರಮವೆಲ್ಲ ರೂಪುಗೊಂಡದ್ದು ಆ ಗೋಡೆಯ ಮುಂದೆ. ಫ್ಲಿಂಟ್ ಸೆಂಟ್ರಲ್ ಹೈಸ್ಕೂಲಿನಲ್ಲಿ ಅವರು ಬೇಸ್‌ಬಾಲ್ ಮಾತ್ರವಲ್ಲ, ಅಮೆರಿಕನ್ ಫುಟ್‌ಬಾಲ್ ತಂಡದ ಕ್ವಾರ್ಟರ್‌ಬ್ಯಾಕ್ ಆಗಿಯೂ ಆಡಿದರು. 1985ರಲ್ಲಿ ಟೊರೊಂಟೊ ಬ್ಲೂ ಜೇಸ್ ತಂಡ ಅವರನ್ನು ಡ್ರಾಫ್ಟ್‌ನ (ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸುವ ಪ್ರಕ್ರಿಯೆಯ) 36ನೇ ಸುತ್ತಿನಲ್ಲಿ ಆಯ್ದುಕೊಂಡಿತ್ತಾದರೂ ಅವರು ಅದನ್ನು ಒಪ್ಪದೆ ಮಿಶಿಗನ್ ವಿಶ್ವವಿದ್ಯಾಲಯಕ್ಕೆ ಸೇರಿದರು. ಆ ನಿರ್ಧಾರವೇ ಅವರ ಮುಂದಿನ ದಾರಿಯನ್ನು ತೆರೆಯಿತು ಎನ್ನಬಹುದು.

ಪಾಯಿಂಟ್ ಫೀಲ್ಡರ್

ನಾನು ಕ್ರಿಕೆಟ್ ನೋಡಿ ಬೆಳೆದವನು, ಬೇಸ್‌ಬಾಲ್ ಅಷ್ಟಾಗಿ ತಿಳಿಯದು. ಒಂದು ಮೂಲಭೂತ ಪ್ರಶ್ನೆ ಕೇಳುತ್ತೇನೆ. ಎಡಗೈಯಿಂದ ಎಸೆಯುವವರಿಗೆ ಎಡಗೈ ಸಂಪೂರ್ಣ ಸಶಕ್ತವಾಗಿದ್ದರೆ ಎಸೆತಕ್ಕೆ ತೊಂದರೆಯೇನು? ಗ್ಲೌಸಿನ ವಿಷಯವೇ ಮುಖ್ಯವಾಗಿದ್ದರೆ ಅದನ್ನು ಅವರು ನಿಭಾಯಿಸುತ್ತಿದ್ದ ಬಗೆಯನ್ನು ಯಾರಾದರೂ ವಿವರಿಸಬಹುದೇ?

ಎಡಚ

ಪಾಯಿಂಟ್ ಫೀಲ್ಡರ್ ಅವರೇ, ಪ್ರಶ್ನೆ ಸರಿಯಾದ ಜಾಗಕ್ಕೇ ಬಂದಿದೆ. ಎಸೆತದ ಕ್ಷಣದಲ್ಲಿ ಅವರಿಗೆ ಹೆಚ್ಚಿನ ಕೊರತೆ ಇರಲಿಲ್ಲ. ಆದರೆ ಬೇಸ್‌ಬಾಲ್ ಪಿಚರ್ ಚೆಂಡನ್ನು ಕೈಬಿಟ್ಟ ಮರುಕ್ಷಣವೇ ಫೀಲ್ಡರ್ ಆಗುತ್ತಾನೆ. ಬ್ಯಾಟರ್‌ನಿಂದ ಸುಮಾರು 60 ಅಡಿ ದೂರದಲ್ಲಿ ಎಸೆಯಲು ಆರಂಭಿಸಿ, ಮುಂದಕ್ಕೆ ಹೆಜ್ಜೆಯಿಟ್ಟು ಎಸೆದು ಮುಗಿಸುವಷ್ಟರಲ್ಲಿ ಇನ್ನೂ ಹತ್ತಿರಕ್ಕೆ ಬಂದಿರುತ್ತಾನೆ. ಆಗ ನೇರವಾಗಿ ಮುಖದತ್ತ ಬರುವ ಹೊಡೆತದಿಂದ ತನ್ನನ್ನು ಕಾಪಾಡಿಕೊಳ್ಳಲೂ ಅವನಿಗೆ ಗ್ಲೌಸೇ ಆಧಾರ.

ಅಬಾಟ್ ಅವರು ಎಸೆಯುವ ಮುನ್ನ ಗ್ಲೌಸಿನ ಬಾಯಿಯನ್ನು ಬಲಮುಂಗೈಯ ತುದಿಯ ಮೇಲೆ ಕೂರಿಸಿಕೊಳ್ಳುತ್ತಿದ್ದರು. ಎಡಗೈಯಿಂದ ಚೆಂಡು ಹೊರಟ ಕೂಡಲೇ, ಎಸೆತದ ಓಟ ಇನ್ನೂ ನಿಲ್ಲುವ ಮೊದಲೇ, ಆ ಎಡಗೈಯನ್ನು ಗ್ಲೌಸಿನೊಳಗೆ ತೂರಿಸಿ ಫೀಲ್ಡಿಂಗಿಗೆ ಸಿದ್ಧರಾಗಿ ನಿಲ್ಲುತ್ತಿದ್ದರು. ಚೆಂಡು ತಮ್ಮತ್ತ ಬಂದರೆ ಅದನ್ನು ಗ್ಲೌಸಿನಲ್ಲಿ ಹಿಡಿದು, ಗ್ಲೌಸನ್ನು ಬಲಮುಂಗೈ ಮತ್ತು ಎದೆಯ ನಡುವೆ ಒತ್ತಿಹಿಡಿದು, ಎಡಗೈಯನ್ನು ಹೊರಗೆಳೆದು, ಅದೇ ಕೈಯಿಂದ ಚೆಂಡನ್ನು ತೆಗೆದು ಮೊದಲ ಬೇಸಿನತ್ತ ಎಸೆಯುತ್ತಿದ್ದರು. ಇಷ್ಟೂ ಕೆಲಸಗಳು ಒಂದೇ ಚಲನೆಯೆಂಬಂತೆ ನಡೆಯುತ್ತಿದ್ದವು. ಹಳೆಯ ದೃಶ್ಯಗಳನ್ನು ನಿಧಾನಗತಿಯಲ್ಲಿ ನೋಡಿದರೆ ಮಾತ್ರ ಹಂತಗಳು ಬೇರೆಬೇರೆಯಾಗಿ ಕಾಣುತ್ತವೆ, ಸಾಮಾನ್ಯ ವೇಗದಲ್ಲಿ ನೋಡುವವರಿಗೆ ಕೈ ಬದಲಾದದ್ದು ತಿಳಿಯುವುದೇ ಇಲ್ಲ.

ಎದುರಾಳಿಗಳು ಇದನ್ನು ಪರೀಕ್ಷಿಸದೆ ಬಿಡಲಿಲ್ಲ. ಬಂಟ್ ಎಂದರೆ ಬ್ಯಾಟನ್ನು ಬೀಸದೆ ಅಡ್ಡ ಹಿಡಿದು ಚೆಂಡನ್ನು ಪಿಚರ್‌ನ ಮುಂದೆ ನಿಧಾನವಾಗಿ ಉರುಳಿಸಿ, ಆತ ಎತ್ತಿ ಎಸೆಯುವಷ್ಟರಲ್ಲಿ ಬೇಸ್ ಸೇರುವ ತಂತ್ರ. ಹೈಸ್ಕೂಲಿನ ದಿನಗಳಲ್ಲಿ ಒಂದು ತಂಡ ಸಾಲಾಗಿ ಬ್ಯಾಟರ್ ಮೇಲೆ ಬ್ಯಾಟರ್‌ನಿಂದ ಬಂಟ್ ಮಾಡಿಸಿತು. ಅಬಾಟ್ ಅವರು ಅವರಲ್ಲಿ ಬಹುತೇಕರನ್ನು ಔಟ್ ಮಾಡಿದರು, ಬಂಟ್ ತಾನಾಗಿಯೇ ನಿಂತಿತು. ವೃತ್ತಿಪರ ಲೀಗ್‌ನಲ್ಲಿಯೂ ಆ ತಂತ್ರದಿಂದ ಯಾರಿಗೂ ದೊಡ್ಡ ಲಾಭ ದೊರೆಯಲಿಲ್ಲ.

ಮೈಸೂರಿನ ಹಳೆಯ ಪ್ರೇಕ್ಷಕ

ಇದನ್ನು ಓದುವಾಗ ನಮ್ಮ ಬಿ.ಎಸ್. ಚಂದ್ರಶೇಖರ್ ಅವರ ನೆನಪು ಬರುವುದು ಸಹಜ. ಮೈಸೂರಿನಲ್ಲಿ ಹುಟ್ಟಿದ ಚಂದ್ರ ಅವರಿಗೆ ಬಾಲ್ಯದಲ್ಲಿ ಪೋಲಿಯೊ ತಗುಲಿ ಬಲಗೈ ಸೊರಗಿತ್ತು. ಆದರೆ ಇಬ್ಬರ ಪರಿಸ್ಥಿತಿಯನ್ನು ಒಂದೇ ಎಂದು ಭಾವಿಸಬಾರದು. ಚಂದ್ರ ಅವರು ಸೊರಗಿದ ಆ ಕೈಯಿಂದಲೇ ಬೌಲಿಂಗ್ ಮಾಡಿದರು, ಫೀಲ್ಡಿಂಗ್ ಮಾಡುವಾಗ ಮಾತ್ರ ಎಡಗೈಯಿಂದ ಎಸೆಯುತ್ತಿದ್ದರು. 1971ರಲ್ಲಿ ಓವಲ್ ಮೈದಾನದಲ್ಲಿ 38 ರನ್ನಿಗೆ 6 ವಿಕೆಟ್ ಪಡೆದು ಇಂಗ್ಲೆಂಡ್ ನೆಲದಲ್ಲಿ ಭಾರತಕ್ಕೆ ಮೊದಲ ಟೆಸ್ಟ್ ಗೆಲುವನ್ನು ದೊರಕಿಸಿಕೊಟ್ಟದ್ದು ಅದೇ ಕೈ. ಅಬಾಟ್ ಅವರಲ್ಲಿ ಎಸೆಯುವ ಕೈ ಬಲಿಷ್ಠವಾಗಿತ್ತು, ಅದಕ್ಕೆ ಜೊತೆಯಾಗಬೇಕಾದ ಇನ್ನೊಂದು ಕೈ ಇರಲಿಲ್ಲ. ಹಾಗಾಗಿ ಚಂದ್ರ ಅವರನ್ನು ಕುರಿತು ತಜ್ಞರು ಚರ್ಚಿಸಿದ್ದು ಆ ಮಣಿಕಟ್ಟಿನಿಂದ ಹೊರಡುತ್ತಿದ್ದ ಎಸೆತದ ವೇಗ ಮತ್ತು ಪುಟಿತವನ್ನು. ಅಬಾಟ್ ಅವರನ್ನು ಕುರಿತು ಮೊದಲು ಎದ್ದ ಸಂಶಯವೆಲ್ಲ ಎಸೆತ ಮುಗಿದ ನಂತರದ ಒಂದು ಸೆಕೆಂಡಿನ ಬಗ್ಗೆ.

ಅಂಗಳದಂಚು

ಈ ವ್ಯತ್ಯಾಸವನ್ನು ಇಷ್ಟು ಸ್ಪಷ್ಟವಾಗಿ ಗುರುತಿಸಿದ್ದಕ್ಕೆ ಧನ್ಯವಾದಗಳು, ಸರ್. ಹವ್ಯಾಸಿ ಆಟಗಾರರಾಗಿ ಅವರು ಕಂಡ ಎತ್ತರವನ್ನು ಇಲ್ಲಿ ದಾಖಲಿಸುತ್ತೇನೆ, ಏಕೆಂದರೆ ಅದು ನೋ-ಹಿಟರ್‌ಗಿಂತ ಕಡಿಮೆಯದಲ್ಲ.

1987ರ ಜುಲೈಯಲ್ಲಿ ಅಮೆರಿಕದ ತಂಡ ಕ್ಯೂಬಾ ಪ್ರವಾಸ ಮಾಡಿತು. ಆಗ ಹವ್ಯಾಸಿ ಬೇಸ್‌ಬಾಲ್‌ನಲ್ಲಿ ಕ್ಯೂಬಾದ್ದೇ ಆಧಿಪತ್ಯ. ಹವಾನಾದಲ್ಲಿ ಮೊದಲ ಬ್ಯಾಟರ್ ಹೊಡೆದ ಚೆಂಡು ನೆಲಕ್ಕೆ ಬಡಿದು ಮೇಲಕ್ಕೆ ಪುಟಿದು ಪಿಚರ್‌ನತ್ತಲೇ ಬಂದಾಗ ಅಬಾಟ್ ಅವರು ಅದನ್ನು ಹಿಡಿದು, ಕೈ ಬದಲಿಸಿ, ಓಟಗಾರ ಬೇಸ್ ಮುಟ್ಟುವ ಮೊದಲೇ ಎಸೆದು ಔಟ್ ಮಾಡಿದರು. ಎದುರಾಳಿ ದೇಶದ ಪ್ರೇಕ್ಷಕರೇ ಚಪ್ಪಾಳೆ ತಟ್ಟಿದರು. ಆ ಪಂದ್ಯವನ್ನು ಗೆದ್ದ ಅವರು, ಕ್ಯೂಬಾದ ನೆಲದಲ್ಲಿ ಕ್ಯೂಬಾವನ್ನು ಸೋಲಿಸಿದ ಅಮೆರಿಕದ ಪಿಚರ್ ಎಂಬ, ಸುಮಾರು 25 ವರ್ಷಗಳಿಂದ ಯಾರಿಗೂ ದೊರೆಯದಿದ್ದ ಗೌರವಕ್ಕೆ ಪಾತ್ರರಾದರು. ಅದೇ ವರ್ಷ ಇಂಡಿಯಾನಾಪೊಲಿಸ್‌ನ ಪ್ಯಾನ್ ಅಮೆರಿಕನ್ ಕ್ರೀಡಾಕೂಟದಲ್ಲಿ ದೇಶದ ಧ್ವಜ ಹಿಡಿದು ನಡೆದವರೂ ಅವರೇ. ಕಾಲೇಜು ಬೇಸ್‌ಬಾಲ್‌ನ ಶ್ರೇಷ್ಠ ಆಟಗಾರನಿಗೆ ಸಲ್ಲುವ ಗೋಲ್ಡನ್ ಸ್ಪೈಕ್ಸ್ ಪ್ರಶಸ್ತಿ ದೊರೆಯಿತು. ದೇಶದ ಅತ್ಯುತ್ತಮ ಹವ್ಯಾಸಿ ಕ್ರೀಡಾಪಟುವಿಗೆ ಕೊಡುವ ಸಲಿವನ್ ಪ್ರಶಸ್ತಿಯನ್ನು ಪಡೆದ ಮೊದಲ ಬೇಸ್‌ಬಾಲ್ ಆಟಗಾರರೂ ಅವರಾದರು. ಮರುವರ್ಷ ಸೋಲ್ ಒಲಿಂಪಿಕ್ಸ್‌ನಲ್ಲಿ ಬೇಸ್‌ಬಾಲ್ ಪ್ರದರ್ಶನ ಕ್ರೀಡೆಯಾಗಿತ್ತು. ಜಪಾನ್ ವಿರುದ್ಧದ ಅಂತಿಮ ಪಂದ್ಯದಲ್ಲಿ ಪೂರ್ತಿ ಒಂಬತ್ತು ಇನ್ನಿಂಗ್ಸ್ ಎಸೆದು 5-3ರಿಂದ ಗೆಲ್ಲಿಸಿದರು.

ಅಷ್ಟರಲ್ಲಿ ಕ್ಯಾಲಿಫೋರ್ನಿಯಾ ಏಂಜಲ್ಸ್ ತಂಡ 1988ರ ಡ್ರಾಫ್ಟ್‌ನಲ್ಲಿ ಎಂಟನೆಯ ಆಯ್ಕೆಯಾಗಿ ಅವರನ್ನು ತೆಗೆದುಕೊಂಡಿತ್ತು. 36ನೇ ಸುತ್ತಿನಿಂದ ಎಂಟನೆಯ ಆಯ್ಕೆಗೆ ಏರಲು ಹಿಡಿದದ್ದು ಮೂರೇ ವರ್ಷ.

ಲೆಕ್ಕದ ಪುಸ್ತಕ

ಮೊದಲ ಪೋಸ್ಟಿನಲ್ಲಿ 87-108 ಎಂಬ ಲೆಕ್ಕವನ್ನು ಕೊಟ್ಟಿದ್ದೀರಿ. ಅದು ಸರಿಯಾಗಿದೆ, ಆದರೆ ಅದನ್ನು ಹಾಗೆಯೇ ಓದಿದರೆ ಅಬಾಟ್ ಅವರಿಗೆ ಅನ್ಯಾಯವಾಗುತ್ತದೆ. ಬೇಸ್‌ಬಾಲ್‌ನಲ್ಲಿ ಪಂದ್ಯದ ಗೆಲುವನ್ನೂ ಸೋಲನ್ನೂ ಒಬ್ಬ ಪಿಚರ್‌ನ ಹೆಸರಿಗೆ ಬರೆಯುವ ಪದ್ಧತಿಯಿದೆ. ಆದರೆ ತನ್ನ ತಂಡದ ಬ್ಯಾಟರ್‌ಗಳು ಎಷ್ಟು ರನ್ ಗಳಿಸುತ್ತಾರೆ ಎಂಬುದು ಪಿಚರ್‌ನ ಕೈಯಲ್ಲಿಲ್ಲ. ಅದಕ್ಕಾಗಿ ನೋಡಬೇಕಾದದ್ದು ಅರ್ನ್ಡ್ ರನ್ ಸರಾಸರಿ, ಅಂದರೆ ಫೀಲ್ಡರ್‌ಗಳ ತಪ್ಪಿನಿಂದ ಬಂದ ರನ್ನುಗಳನ್ನು ಬಿಟ್ಟು, ಪ್ರತಿ ಒಂಬತ್ತು ಇನ್ನಿಂಗ್ಸ್‌ಗೆ ಆತ ಕೊಟ್ಟ ರನ್ನುಗಳು. ಇದು 3ಕ್ಕಿಂತ ಕೆಳಗಿದ್ದರೆ ಬಹಳ ಉತ್ತಮ ಎಂದು ತಿಳಿಯಬಹುದು.

1991ನ್ನು ನೋಡಿ. ಅವರ ಹೆಸರಿಗೆ ಬರೆದ ಮೊದಲ ನಾಲ್ಕು ಫಲಿತಾಂಶಗಳೂ ಸೋಲು, ತಂಡದಿಂದ ಕೆಳಗಿಳಿಸಬೇಕೆಂಬ ಮಾತು ಪತ್ರಿಕೆಗಳಲ್ಲಿ ಬರುವಷ್ಟು ಕೆಟ್ಟ ಆರಂಭ. ಅಲ್ಲಿಂದ ಎದ್ದು ವರ್ಷದ ಕೊನೆಗೆ 18-11, ಸರಾಸರಿ 2.89. ಅಮೆರಿಕನ್ ಲೀಗ್‌ನ ಶ್ರೇಷ್ಠ ಪಿಚರ್‌ಗೆ ಕೊಡುವ ಸೈ ಯಂಗ್ ಪ್ರಶಸ್ತಿಯ ಮತದಾನದಲ್ಲಿ ರೋಜರ್ ಕ್ಲೆಮೆನ್ಸ್ ಮತ್ತು ಸ್ಕಾಟ್ ಎರಿಕ್ಸನ್ ಅವರ ನಂತರ ಮೂರನೆಯ ಸ್ಥಾನ. ಆ ವರ್ಷ ಏಂಜಲ್ಸ್ ತಂಡದ ಮೂವರು ಎಡಗೈ ಪಿಚರ್‌ಗಳಾದ ಮಾರ್ಕ್ ಲ್ಯಾಂಗ್‌ಸ್ಟನ್ 19, ಚಕ್ ಫಿನ್ಲೆ 18, ಅಬಾಟ್ 18 ಪಂದ್ಯಗಳನ್ನು ಗೆದ್ದರು. ಹಾಗಿದ್ದೂ ತಂಡ 81-81ರಲ್ಲಿ ನಿಂತು ತನ್ನ ವಿಭಾಗದಲ್ಲಿ ಕೊನೆಯ ಸ್ಥಾನ ಪಡೆಯಿತು. ಬ್ಯಾಟಿಂಗ್ ಎಷ್ಟು ದುರ್ಬಲವಾಗಿತ್ತು ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

1992 ಇನ್ನೂ ನೋವಿನದು. 211 ಇನ್ನಿಂಗ್ಸ್ ಎಸೆದರು, ಸರಾಸರಿ ಹಿಂದಿನ ವರ್ಷಕ್ಕಿಂತಲೂ ಉತ್ತಮವಾಗಿ 2.77ಕ್ಕೆ ಇಳಿಯಿತು. ಆದರೆ ಲೆಕ್ಕದಲ್ಲಿ ಬಂದದ್ದು 7 ಗೆಲುವು, 15 ಸೋಲು. ಮೇಲಿನಿಂದ ನೋಡುವವರಿಗೆ 18-11ರಿಂದ 7-15ಕ್ಕೆ ಕುಸಿದ ಪಿಚರ್ ಕಾಣುತ್ತಾನೆ. ಎಸೆದದ್ದನ್ನು ನೋಡುವವರಿಗೆ ಅದೇ ಮನುಷ್ಯ, ಬಹುಶಃ ಸ್ವಲ್ಪ ಉತ್ತಮವಾಗಿಯೇ, ಕಾಣುತ್ತಾನೆ.

ನೇರನುಡಿ

ಲೆಕ್ಕದ ಪುಸ್ತಕ ಅವರೇ, ನೀವು ಎರಡು ಒಳ್ಳೆಯ ವರ್ಷಗಳನ್ನು ಆರಿಸಿಕೊಂಡಿದ್ದೀರಿ. ನಾನು ಅಹಿತಕರ ಪ್ರಶ್ನೆಯೊಂದನ್ನು ಇಡುತ್ತೇನೆ, ಯಾರೂ ತಪ್ಪು ತಿಳಿಯಬಾರದು. ಹತ್ತು ವರ್ಷಗಳಲ್ಲಿ ಎರಡು ಉತ್ತಮ ವರ್ಷ, ನಾಲ್ಕೈದು ಸಾಧಾರಣ ವರ್ಷ, ಒಂದು ಭೀಕರ ವರ್ಷ ಕಂಡ ಪಿಚರ್‌ಗಳು ನೂರಾರು ಮಂದಿ ಇದ್ದಾರೆ, ಅವರ ಹೆಸರೂ ನಮಗೆ ತಿಳಿಯದು. 2005ರಲ್ಲಿ ಬೇಸ್‌ಬಾಲ್ ಶ್ರೇಷ್ಠರನ್ನು ಗೌರವಿಸುವ ಹಾಲ್ ಆಫ್ ಫೇಮ್‌ನ ಮತಪಟ್ಟಿಯಲ್ಲಿ ಅಬಾಟ್ ಅವರಿಗೆ ಬಂದದ್ದು 13 ಮತಗಳು, ಅಂದರೆ ಶೇ 2.5. ಶೇ 5 ದಾಟದ ಕಾರಣ ಹೆಸರು ಪಟ್ಟಿಯಿಂದ ಬಿದ್ದುಹೋಯಿತು. ಹಾಗಾದರೆ ನಾವು ಇಂದು ಇಲ್ಲಿ ಅವರ ಬಗ್ಗೆ ಮಾತನಾಡುತ್ತಿರುವುದು ಪಿಚಿಂಗ್‌ಗಾಗಿಯೋ, ಕೈಗಾಗಿಯೋ? ಅಂಗಳದಂಚು ಅವರು ರಿಯಾಯಿತಿ ಬೇಡ ಎಂದಿದ್ದಾರೆ. ರಿಯಾಯಿತಿ ಇಲ್ಲದಿದ್ದರೆ ಈ ಚರ್ಚೆಯೇ ಇರುತ್ತಿತ್ತೇ?

ಎಡಚ

ಪ್ರಶ್ನೆ ನ್ಯಾಯವಾದದ್ದು, ಅದಕ್ಕೆ ಇತಿಹಾಸದಿಂದಲೇ ಉತ್ತರ ಹುಡುಕಬೇಕು. 1945ರಲ್ಲಿ ಸೇಂಟ್ ಲೂಯಿಸ್ ಬ್ರೌನ್ಸ್ ತಂಡದಲ್ಲಿ ಪೀಟ್ ಗ್ರೇ ಎಂಬ ಔಟ್‌ಫೀಲ್ಡರ್ 77 ಪಂದ್ಯಗಳನ್ನು ಆಡಿದರು. ಬಾಲ್ಯದ ಅಪಘಾತದಲ್ಲಿ ಅವರ ಬಲಗೈ ಹೋಗಿತ್ತು. ಒಂದೇ ಕೈಯಲ್ಲಿ ಬ್ಯಾಟ್ ಬೀಸಿ .218 ಬ್ಯಾಟಿಂಗ್ ಸರಾಸರಿ ಗಳಿಸಿದ್ದು ಸಣ್ಣ ಮಾತಲ್ಲ. ಆದರೆ ಆಗ ಎರಡನೆಯ ಮಹಾಯುದ್ಧ ನಡೆದಿತ್ತು, ನಿಯಮಿತ ಆಟಗಾರರಲ್ಲಿ ಅನೇಕರು ಸೈನ್ಯದಲ್ಲಿದ್ದರು. ಅವರು ಹಿಂತಿರುಗಿದ ನಂತರ ಗ್ರೇ ಅವರಿಗೆ ಮೇಜರ್ ಲೀಗ್‌ನಲ್ಲಿ ಮತ್ತೆ ಸ್ಥಾನ ಸಿಗಲಿಲ್ಲ. ಅವರನ್ನು ಪ್ರೇಕ್ಷಕರನ್ನು ಸೆಳೆಯುವುದಕ್ಕಾಗಿ ಆಡಿಸಲಾಯಿತು ಎಂಬ ಆರೋಪ ಕೊನೆಯವರೆಗೂ ಬೆನ್ನು ಬಿಡಲಿಲ್ಲ.

ಅಬಾಟ್ ಅವರ ವಿಷಯದಲ್ಲಿಯೂ 1989ರಲ್ಲಿ ಇದೇ ಸಂಶಯ ಕೇಳಿಬಂದಿತ್ತು, ಏಕೆಂದರೆ ಅವರು ಕೆಳಹಂತದ ಮೈನರ್ ಲೀಗ್‌ನಲ್ಲಿ ಒಂದೂ ಪಂದ್ಯವಾಡದೆ ನೇರವಾಗಿ ಮೇಜರ್ ಲೀಗ್‌ಗೆ ಬಂದರು. ಅದು ಅತ್ಯಂತ ಅಪರೂಪ. ಏಪ್ರಿಲ್ 8ರಂದು ಸಿಯಾಟಲ್ ವಿರುದ್ಧದ ಮೊದಲ ಪಂದ್ಯವನ್ನು ಸೋತಾಗ ಸಂಶಯ ಬಲವಾಯಿತು. ಆದರೆ ಮೇ ತಿಂಗಳಲ್ಲಿ ಬಾಸ್ಟನ್ ತಂಡಕ್ಕೆ ಒಂದೂ ರನ್ ಕೊಡದೆ, ಎದುರಿಗೆ ಎಸೆಯುತ್ತಿದ್ದ ಕ್ಲೆಮೆನ್ಸ್ ಅವರನ್ನೇ ಸೋಲಿಸಿದರು. ಮೊದಲ ವರ್ಷವನ್ನು 12-12, 3.92ರೊಂದಿಗೆ ಮುಗಿಸಿದರು. ಯುದ್ಧಕಾಲವಲ್ಲ, ಆಟಗಾರರ ಕೊರತೆಯಿಲ್ಲ. ಅಂಥ ಕಾಲದಲ್ಲಿ ಒಂದು ವೃತ್ತಿಪರ ತಂಡ 29 ಪಂದ್ಯಗಳ ಆರಂಭದಲ್ಲಿ ಒಬ್ಬನ ಕೈಗೆ ಚೆಂಡು ಕೊಡುವುದು ಕನಿಕರದಿಂದಲ್ಲ.

ಹಾಗಾಗಿ ನೇರನುಡಿ ಅವರೇ, ನನ್ನ ಉತ್ತರ ಹೀಗಿದೆ. ಕೈಯ ಕಾರಣಕ್ಕೆ ನಾವು ಅವರ ಹೆಸರನ್ನು ನೆನಪಿಡುತ್ತೇವೆ ಎಂಬುದು ನಿಜ. ಆದರೆ ಅವರು ಸಾಧಾರಣ ಪಿಚರ್ ಎಂದು ನೀವು ಈಗ ಹೇಳಬಹುದಾಗಿದೆಯಲ್ಲ, ಆ ಮಾತು ಅವರಿಗೆ ಸೋಲಲ್ಲ. ಮೇಜರ್ ಲೀಗ್‌ನ ಸಾಧಾರಣ ಪಿಚರ್ ಎಂದರೆ ಕೋಟ್ಯಂತರ ಮಕ್ಕಳು ಕಂಡ ಕನಸು ಕೈಗೂಡಿದ ಕೆಲವೇ ನೂರು ಜನರಲ್ಲಿ ಒಬ್ಬ.

ಒಬ್ಬ ತಾಯಿ

ಇಲ್ಲಿ ಬರೆಯುವಷ್ಟು ಬೇಸ್‌ಬಾಲ್ ನನಗೆ ತಿಳಿಯದು, ಆದರೂ ನೇರನುಡಿ ಅವರ ಪ್ರಶ್ನೆಗೆ ಒಂದು ಮಾತು ಸೇರಿಸಬೇಕೆನಿಸಿತು. ನನ್ನ ಮಗಳಿಗೆ ಹುಟ್ಟಿನಿಂದ ಎಡಗೈಯ ಬೆರಳುಗಳಿಲ್ಲ. ಅವಳಿಗೆ ಅಬಾಟ್ ಅವರ ದೃಶ್ಯಗಳನ್ನು ತೋರಿಸಿದಾಗ ಅವಳು ಗೆಲುವು ಸೋಲುಗಳನ್ನು ಕೇಳಲಿಲ್ಲ. ಗ್ಲೌಸನ್ನು ಎಲ್ಲಿ ಇಟ್ಟುಕೊಂಡರು, ಕೈ ಯಾವಾಗ ಬದಲಿಸಿದರು ಎಂದು ಮತ್ತೆ ಮತ್ತೆ ನಿಲ್ಲಿಸಿ ನೋಡಿದಳು. ನಂತರ ಶಟಲ್ ಕಾಕನ್ನು ಸರ್ವ್ ಮಾಡಲು ತನ್ನದೇ ಒಂದು ಕ್ರಮವನ್ನು ಹುಡುಕಿಕೊಂಡಳು.

ಅವರು ಆಡುತ್ತಿದ್ದ ಕಾಲದಲ್ಲಿ ಪ್ರತಿ ಊರಿನಲ್ಲಿಯೂ ಇಂಥ ಮಕ್ಕಳನ್ನು ಕರೆದುಕೊಂಡು ಹೆತ್ತವರು ಮೈದಾನಕ್ಕೆ ಬರುತ್ತಿದ್ದರಂತೆ, ಪಂದ್ಯಕ್ಕೆ ಮುನ್ನ ಅವರು ಆ ಮಕ್ಕಳನ್ನು ಭೇಟಿಯಾಗುತ್ತಿದ್ದರು, ಬಂದ ಪತ್ರಗಳಿಗೆ ಉತ್ತರ ಬರೆಯುತ್ತಿದ್ದರು. ಸೋಲುತ್ತಿದ್ದ ವರ್ಷದಲ್ಲಿಯೂ ಈ ಭೇಟಿಗಳು ನಿಲ್ಲಲಿಲ್ಲ ಎಂಬುದನ್ನು ಓದಿದಾಗ ನನಗೆ ಅವರ ಮೇಲಿನ ಗೌರವ ಹೆಚ್ಚಿತು. ಬೂಟಿನ ದಾರವನ್ನು ಒಂದೇ ಕೈಯಿಂದ ಕಟ್ಟುವುದನ್ನು ಅವರ ಪ್ರಾಥಮಿಕ ಶಾಲೆಯ ಶಿಕ್ಷಕರೊಬ್ಬರು ತಾವೇ ಮೊದಲು ಅಭ್ಯಾಸ ಮಾಡಿ ಕಲಿತು, ನಂತರ ಆ ಹುಡುಗನಿಗೆ ಕಲಿಸಿದ್ದರು. ಹೀಗೆ ಮೊದಲು ತಾವು ಕಲಿತು ಬಳಿಕ ಕಲಿಸುವ ಶಿಕ್ಷಕರು ನಮ್ಮ ಮಕ್ಕಳಿಗೂ ಬೇಕು.

ನೇರನುಡಿ

ತಾಯಿಯವರ ಮಾತಿಗೆ ನಮಸ್ಕಾರ. ಎಡಚ ಅವರ ಉತ್ತರವನ್ನೂ ಒಪ್ಪುತ್ತೇನೆ. ಆದರೆ 1996ರ ವಿಷಯ ಶೀರ್ಷಿಕೆಯಲ್ಲಿದ್ದರೂ ಇನ್ನೂ ಯಾರೂ ಅದನ್ನು ಮುಟ್ಟಿಲ್ಲ.

ಅಂಗಳದಂಚು

ಮುಟ್ಟುತ್ತೇನೆ, ಅದಕ್ಕೆ ಮೊದಲು 1993ರ ಆ ವಾರವನ್ನು ಸರಿಯಾದ ಕ್ರಮದಲ್ಲಿ ಹೇಳಬೇಕು.

1992ರ ಕೊನೆಯಲ್ಲಿ, ದೀರ್ಘಾವಧಿ ಒಪ್ಪಂದದ ಮಾತುಕತೆ ಫಲಿಸದೆ, ಏಂಜಲ್ಸ್ ತಂಡ ಅವರನ್ನು ನ್ಯೂಯಾರ್ಕ್ ಯಾಂಕೀಸ್ ತಂಡಕ್ಕೆ ಕೊಟ್ಟು ಬದಲಿಗೆ ಮೂವರು ಯುವ ಆಟಗಾರರನ್ನು ಪಡೆಯಿತು. ನ್ಯೂಯಾರ್ಕ್‌ನಲ್ಲಿ ನಿರೀಕ್ಷೆ ದೊಡ್ಡದಿತ್ತು, ಫಲಿತಾಂಶ ಅಷ್ಟಕ್ಕಷ್ಟೆ. ಆಗಸ್ಟ್ 29ರಂದು ಕ್ಲೀವ್‌ಲ್ಯಾಂಡ್ ತಂಡ ಅವರನ್ನು ಚೆನ್ನಾಗಿ ಥಳಿಸಿತು. ನಾಲ್ಕನೆಯ ಇನ್ನಿಂಗ್ಸ್ ಮುಗಿಸುವುದಕ್ಕೂ ಆಗದೆ, 10 ಹಿಟ್ ಮತ್ತು 7 ರನ್ ಕೊಟ್ಟು ಹೊರಬಂದ ಅವರು, ಪಂದ್ಯ ಇನ್ನೂ ನಡೆಯುತ್ತಿರುವಾಗಲೇ ಮೈದಾನದಿಂದ ಆಚೆ ಹೋಗಿ ಕ್ಲೀವ್‌ಲ್ಯಾಂಡಿನ ಬೀದಿಗಳಲ್ಲಿ ಓಡತೊಡಗಿದರು. ಮ್ಯಾನೇಜರ್ ಬಕ್ ಶೋವಾಲ್ಟರ್ ಅವರಿಗೆ ಇದು ಹಿಡಿಸಲಿಲ್ಲ.

ಆರು ದಿನಗಳ ನಂತರ, ಶನಿವಾರ ಮಧ್ಯಾಹ್ನ, ಯಾಂಕೀ ಸ್ಟೇಡಿಯಂನಲ್ಲಿ ಅದೇ ಕ್ಲೀವ್‌ಲ್ಯಾಂಡ್ ಎದುರಿಗೆ. ಕೆನ್ನಿ ಲಾಫ್ಟನ್, ಕಾರ್ಲೋಸ್ ಬಯೆರ್ಗಾ, ಆಲ್ಬರ್ಟ್ ಬೆಲ್, ಆಗಷ್ಟೇ ಲೀಗ್‌ಗೆ ಬಂದಿದ್ದ ಮ್ಯಾನಿ ರಾಮಿರೆಜ್ ಇದ್ದ ತಂಡ ಅದು. ಕ್ಯಾಚರ್ ಮ್ಯಾಟ್ ನೋಕ್ಸ್. ಒಂಬತ್ತು ಇನ್ನಿಂಗ್ಸ್‌ಗಳಲ್ಲಿ ಎದುರಾಳಿಗೆ ಒಂದೂ ಹಿಟ್ ಕೊಡದಿರುವುದೇ ನೋ-ಹಿಟರ್. ವಾಕ್ (ನಾಲ್ಕು ತಪ್ಪು ಎಸೆತಗಳಿಂದ ಬ್ಯಾಟರ್‌ಗೆ ಸಿಗುವ ಉಚಿತ ಬೇಸ್) ಮೂಲಕ ಬೇಸ್ ಸೇರಿದರೆ ಅದು ಕೆಡುವುದಿಲ್ಲ. ಅಬಾಟ್ ಅವರು ಐದು ವಾಕ್ ಕೊಟ್ಟರು, ಮೂರೇ ಸ್ಟ್ರೈಕ್‌ಔಟ್ ಪಡೆದರು. ಅಂದರೆ ಅದು ಬ್ಯಾಟರ್‌ಗಳನ್ನು ತತ್ತರಿಸುವಂತೆ ಮಾಡಿದ ದಿನವಲ್ಲ. ಕೊನೆಯ ಕ್ಷಣದಲ್ಲಿ ಒಳಕ್ಕೆ ತಿರುಗುವ ಕಟ್ ಫಾಸ್ಟ್‌ಬಾಲ್‌ನಿಂದ ಬ್ಯಾಟಿನ ತಪ್ಪು ಭಾಗಕ್ಕೆ ಚೆಂಡು ತಾಗುವಂತೆ ಮಾಡಿ, ನೆಲದ ಹೊಡೆತಗಳನ್ನು ಫೀಲ್ಡರ್‌ಗಳಿಗೆ ಒಪ್ಪಿಸಿದ ದಿನ. ಏಳನೆಯ ಇನ್ನಿಂಗ್ಸ್‌ನಲ್ಲಿ ಬೆಲ್ ಹೊಡೆದ ಚೆಂಡನ್ನು ಮೂರನೆಯ ಬೇಸಿನಿಂದ ಹಾರಿ ಹಿಡಿದ ವೇಡ್ ಬಾಗ್ಸ್ ಅವರಿಗೆ ಈ ಸಾಧನೆಯಲ್ಲಿ ದೊಡ್ಡ ಪಾಲಿದೆ.

ಒಂಬತ್ತನೆಯ ಇನ್ನಿಂಗ್ಸ್‌ನಲ್ಲಿ ಮೊದಲಿಗೆ ಬಂದ ಲಾಫ್ಟನ್ ಬಂಟ್ ಮಾಡಲು ಯತ್ನಿಸಿದಾಗ ಪ್ರೇಕ್ಷಕರು ಗಟ್ಟಿಯಾಗಿ ಪ್ರತಿಭಟಿಸಿದರು. ನನ್ನ ದೃಷ್ಟಿಯಲ್ಲಿ ಲಾಫ್ಟನ್ ತಪ್ಪು ಮಾಡಲಿಲ್ಲ. ಯಾವ ಪಿಚರ್ ಎದುರಿಗಾದರೂ ಆತ ಮಾಡುತ್ತಿದ್ದ ಕೆಲಸ ಅದು, ಅಬಾಟ್ ಅವರನ್ನು ಸರಿಸಮನೆಂದು ಭಾವಿಸಿದ್ದಕ್ಕೆ ಅದೂ ಒಂದು ಗುರುತು. ಲಾಫ್ಟನ್ ಕೊನೆಗೆ ನೆಲದ ಹೊಡೆತಕ್ಕೆ ಔಟಾದರು. ಫೆಲಿಕ್ಸ್ ಫರ್ಮಿನ್ ದೂರಕ್ಕೆ ಎತ್ತಿ ಹೊಡೆದ ಚೆಂಡನ್ನು ಬರ್ನಿ ವಿಲಿಯಮ್ಸ್ ಓಡಿ ಹಿಡಿದರು. ಎರಡೂ ಬದಿಯಿಂದ ಬ್ಯಾಟ್ ಮಾಡಬಲ್ಲ ಬಯೆರ್ಗಾ, ಆ ಕಟ್ ಫಾಸ್ಟ್‌ಬಾಲ್‌ಗೆ ಹೆದರಿ, ಎಡಗೈ ಪಿಚರ್ ಎದುರಿಗೆ ವಾಡಿಕೆಗೆ ವಿರುದ್ಧವಾಗಿ ಎಡಬದಿಯಲ್ಲಿ ನಿಂತು ಶಾರ್ಟ್‌ಸ್ಟಾಪ್ ರ‍್ಯಾಂಡಿ ವೆಲಾರ್ಡೆ ಅವರತ್ತ ಚೆಂಡನ್ನು ಉರುಳಿಸಿದರು. ಅಲ್ಲಿಂದ ಮೊದಲ ಬೇಸಿನ ಡಾನ್ ಮ್ಯಾಟಿಂಗ್ಲಿ ಅವರ ಕೈಗೆ. ಯಾಂಕೀಸ್ 4-0.

ಇಷ್ಟಾದರೂ ಆ ವರ್ಷದ ಮೊತ್ತ 11-14, ಸರಾಸರಿ 4.37. ಚರ್ಚೆಯ ಆರಂಭದಲ್ಲಿ ನಾನು ಹೇಳಿದ ಮಾತಿನ ಆಧಾರ ಇಲ್ಲಿದೆ. ಅವರ ಅತ್ಯಂತ ಪ್ರಸಿದ್ಧ ದಿನ ಬಂದದ್ದು ಅವರ ಉತ್ತಮ ವರ್ಷದಲ್ಲಿ ಅಲ್ಲ.

ಲೆಕ್ಕದ ಪುಸ್ತಕ

1996ನ್ನು ನಾನು ಬರೆಯುತ್ತೇನೆ. 1995ರಲ್ಲಿ ಷಿಕಾಗೊ ವೈಟ್ ಸಾಕ್ಸ್‌ನಲ್ಲಿ ಆರಂಭಿಸಿ, ಋತುವಿನ ನಡುವೆ ಏಂಜಲ್ಸ್‌ಗೆ ಮರಳಿ, ಒಟ್ಟು 11-8, 3.70 ಎಂಬ ಗೌರವಯುತ ಲೆಕ್ಕದೊಂದಿಗೆ ಮುಗಿಸಿದ್ದರು. ಆ ವರ್ಷದ ಕೊನೆಗೆ ಒಟ್ಟು ಲೆಕ್ಕ 78-82. ಆಗ ಅವರ ವಯಸ್ಸು 28. ಹೊಸ ಒಪ್ಪಂದವೂ ಆಯಿತು. ಮುಂದಿನ ವರ್ಷ 2-18, ಸರಾಸರಿ 7.48.

ಕಾರಣವೇನೆಂದು ಬಹಳ ಚರ್ಚೆಯಾಗಿದೆ. ಮುಖ್ಯ ಕಾರಣ ವೇಗ ಕುಸಿದದ್ದು. ಯೌವನದಲ್ಲಿ ಗಂಟೆಗೆ 90 ಮೈಲಿಯನ್ನು ಸುಲಭವಾಗಿ ದಾಟುತ್ತಿದ್ದ ಎಸೆತ ಕ್ರಮೇಣ ಅದರ ಕೆಳಕ್ಕೆ ಇಳಿಯಿತು. ಕಟ್ ಫಾಸ್ಟ್‌ಬಾಲ್ ವೇಗದ ಬಲದಿಂದಲೇ ಬಾಳುವ ಎಸೆತ. ತಿರುಗುವುದು ಕೆಲವೇ ಅಂಗುಲ, ಬ್ಯಾಟರ್‌ಗೆ ಹೊಂದಿಕೊಳ್ಳಲು ಸಮಯ ಸಿಗಬಾರದು. ನಾಲ್ಕೈದು ಮೈಲಿ ಕಡಿಮೆಯಾದರೆ ಬ್ಯಾಟಿನ ಹಿಡಿಯ ಹತ್ತಿರ ತಾಗಬೇಕಾದ ಚೆಂಡು ಬ್ಯಾಟಿನ ದಪ್ಪ ಭಾಗಕ್ಕೆ ಬಂದು ಬೀಳುತ್ತದೆ. ಬೇರೆ ಪಿಚರ್‌ಗಳೂ ಇದೇ ರೀತಿಯಲ್ಲಿ ಮುಗಿದಿದ್ದಾರೆ. ಇದರಲ್ಲಿ ಬಲಗೈಯ ಪಾತ್ರ ಏನೂ ಇಲ್ಲ, ಈ ಅಂಶವನ್ನು ಒತ್ತಿ ಹೇಳಬೇಕಾಗಿದೆ. ಅವರು ಸೋತದ್ದು ಎಲ್ಲ ಪಿಚರ್‌ಗಳೂ ಸೋಲುವ ಕಾರಣಕ್ಕೆ.

ಆ ಆಗಸ್ಟ್‌ನಲ್ಲಿ ಅವರನ್ನು ಜೀವನದಲ್ಲಿ ಮೊದಲ ಬಾರಿಗೆ ಮೈನರ್ ಲೀಗ್‌ಗೆ, ವ್ಯಾಂಕೂವರ್‌ಗೆ ಕಳುಹಿಸಲಾಯಿತು. ಎಂಟು ವರ್ಷ ಮೇಲೆ ಆಡಿದ ನಂತರ ಎಲ್ಲರೂ ಮೊದಲು ಹತ್ತುವ ಮೆಟ್ಟಿಲಿಗೆ ಅವರು ಇಳಿದರು. 1997ರ ವಸಂತಕಾಲದ ತರಬೇತಿಯ ವೇಳೆಗೆ ತಂಡ ಅವರನ್ನು ಕೈಬಿಟ್ಟಿತು, ಆ ವರ್ಷ ಅವರು ಆಡಲೇ ಇಲ್ಲ.

ಮಿಶಿಗನ್ ವಾಸಿ

ಇಲ್ಲಿಂದ ಮುಂದಿನ ಭಾಗವೇ ನನಗೆ ಎಲ್ಲಕ್ಕಿಂತ ಪ್ರಿಯ. 1998ರಲ್ಲಿ, 30 ವರ್ಷ ದಾಟಿದ, ಸೈ ಯಂಗ್ ಮತದಾನದಲ್ಲಿ ಮೂರನೆಯವರಾಗಿದ್ದ, ನೋ-ಹಿಟರ್ ಎಸೆದ ಪಿಚರ್ ವೈಟ್ ಸಾಕ್ಸ್ ತಂಡದ ಕೆಳಹಂತದ ಶಾಖೆಗಳಿಂದ ಮತ್ತೆ ಆರಂಭಿಸಿದರು. ಹಿಕರಿ, ವಿನ್‌ಸ್ಟನ್-ಸೇಲಂ, ಬರ್ಮಿಂಗ್‌ಹ್ಯಾಮ್, ಕ್ಯಾಲ್ಗರಿ. ಹತ್ತೊಂಬತ್ತು ಇಪ್ಪತ್ತರ ಹುಡುಗರೊಂದಿಗೆ ಬಸ್ಸಿನಲ್ಲಿ ಊರಿಂದ ಊರಿಗೆ ಹೋಗಿ, ಆರಂಭದಲ್ಲಿ ಅವರು ದಾಟಿಹೋಗಿದ್ದ ಹಂತಗಳನ್ನೆಲ್ಲ ಒಂದೊಂದಾಗಿ ಹತ್ತಿ, ಸೆಪ್ಟೆಂಬರ್‌ನಲ್ಲಿ ಮತ್ತೆ ಮೇಜರ್ ಲೀಗ್‌ಗೆ ಬಂದರು. ಆ ತಿಂಗಳು ಐದು ಪಂದ್ಯ ಎಸೆದು ಐದನ್ನೂ ಗೆದ್ದರು. ಸರಾಸರಿ 4.55, ಅದೃಷ್ಟವೂ ಜೊತೆಗಿತ್ತು. 1992ರಲ್ಲಿ ಕೈಕೊಟ್ಟಿದ್ದ ಅದೃಷ್ಟ ಆ ತಿಂಗಳು ಸ್ವಲ್ಪ ಮರಳಿಸಿತು ಎಂದರೆ ಲೆಕ್ಕದ ಪುಸ್ತಕ ಅವರು ಆಕ್ಷೇಪಿಸಲಾರರು.

ನೋ-ಹಿಟರ್‌ಗಿಂತ ಈ ಐದು ಗೆಲುವುಗಳನ್ನು ನಾನು ಮೇಲಿಡುತ್ತೇನೆ. ನೋ-ಹಿಟರ್ ಒಂದು ಮಧ್ಯಾಹ್ನದ ವಿಷಯ. ಇದಕ್ಕೆ ಒಂದಿಡೀ ಬೇಸಿಗೆಯುದ್ದಕ್ಕೂ ಸಣ್ಣ ಊರುಗಳ ಮೈದಾನಗಳಲ್ಲಿ ಎಸೆಯಬೇಕಾಯಿತು.

ಲೆಕ್ಕದ ಪುಸ್ತಕ

ಆಕ್ಷೇಪವಿಲ್ಲ. ಆದರೆ ಮೇಲಿಡುವ ವಿಷಯದಲ್ಲಿ ಭಿನ್ನಮತವಿದೆ. ನಾನು 1992ರ 2.77ನ್ನೇ ಮೇಲಿಡುತ್ತೇನೆ, ಏಕೆಂದರೆ ಅದನ್ನು ಅವರು ಯಾರ ನೆರವೂ ಇಲ್ಲದೆ ಗಳಿಸಿದರು.

ಪಾಯಿಂಟ್ ಫೀಲ್ಡರ್

ಎಲ್ಲರಿಗೂ ಧನ್ಯವಾದಗಳು, ಬಹಳ ಕಲಿತೆ. ಕೊನೆಯದಾಗಿ ಇನ್ನೊಂದು ಪ್ರಶ್ನೆ. ಕ್ರಿಕೆಟ್‌ನಲ್ಲಿ ಬೌಲರ್ ಕೂಡ ಬ್ಯಾಟ್ ಹಿಡಿಯಲೇಬೇಕು. ಚಂದ್ರ ಅವರು ಟೆಸ್ಟ್‌ಗಳಲ್ಲಿ ಗಳಿಸಿದ ರನ್ನುಗಳು 167, ಪಡೆದ ವಿಕೆಟ್‌ಗಳು 242. ಅಬಾಟ್ ಅವರು ಮೇಜರ್ ಲೀಗ್‌ನಲ್ಲಿ ಬ್ಯಾಟ್ ಮಾಡಿದ್ದರೇ? ಒಂದು ಕೈಯಿಂದ ಅದು ಸಾಧ್ಯವಾಯಿತೇ?

ಎಡಚ

ಮಾಡಿದ್ದರು, ಆದರೆ ಅದಕ್ಕಾಗಿ ಹತ್ತನೆಯ ಋತುವಿನವರೆಗೆ ಕಾಯಬೇಕಾಯಿತು. ಅಮೆರಿಕನ್ ಲೀಗ್‌ನಲ್ಲಿ 1973ರಿಂದ ಪಿಚರ್‌ನ ಬದಲು ಬೇರೊಬ್ಬ ನಿಯೋಜಿತ ಬ್ಯಾಟರ್ ಆಡುವ ನಿಯಮವಿತ್ತು, ಅಬಾಟ್ ಅವರು ಅಲ್ಲಿಯವರೆಗೆ ಆಡಿದ್ದೆಲ್ಲ ಆ ಲೀಗ್‌ನಲ್ಲಿ. ಬ್ಯಾಟಿಂಗ್ ಅವರಿಗೆ ಹೊಸದೇನಲ್ಲ, ಹೈಸ್ಕೂಲಿನಲ್ಲಿ ಹೋಮ್ ರನ್‌ಗಳನ್ನು ಹೊಡೆದವರು. ಎಡಬದಿಯಲ್ಲಿ ನಿಂತು, ಎಡಗೈಯಲ್ಲಿ ಬ್ಯಾಟ್ ಹಿಡಿದು, ಬಲಮುಂಗೈಯ ತುದಿಯನ್ನು ಹಿಡಿಯ ಬುಡಕ್ಕೆ ಆನಿಸಿ ಬೀಸುತ್ತಿದ್ದರು. 1991ರ ಅಭ್ಯಾಸ ಪಂದ್ಯವೊಂದರಲ್ಲಿ ರಿಕ್ ರಾಯ್ಷಲ್ ಅವರ ಎಸೆತದಲ್ಲಿ ಮೂರು ಬೇಸ್ ಓಡಿದ್ದರು.

1999ರಲ್ಲಿ ಅವರು ನ್ಯಾಷನಲ್ ಲೀಗ್‌ನ ಮಿಲ್ವಾಕಿ ಬ್ರೂವರ್ಸ್ ತಂಡಕ್ಕೆ ಬಂದರು. ಅಲ್ಲಿ ಪಿಚರ್ ಬ್ಯಾಟ್ ಮಾಡಲೇಬೇಕಿತ್ತು. ಪಿಚಿಂಗ್ ಆ ವರ್ಷ ಚೆನ್ನಾಗಿರಲಿಲ್ಲ, 2-8ರ ಲೆಕ್ಕದೊಂದಿಗೆ ಋತುವಿನ ನಡುವೆಯೇ ಅವರ ವೃತ್ತಿಜೀವನ ಮುಗಿಯಿತು. ಆದರೆ ಅಧಿಕೃತವಾಗಿ 21 ಬಾರಿ ಬ್ಯಾಟ್ ಹಿಡಿದು ಎರಡು ಹಿಟ್ ಪಡೆದರು, ರನ್ನುಗಳನ್ನೂ ತಂದುಕೊಟ್ಟರು. ಎರಡೂ ಜೂನ್ ತಿಂಗಳಲ್ಲಿ ಬಂದವು, ಎರಡೂ ಬಾರಿ ಎದುರಿಗೆ ಎಸೆಯುತ್ತಿದ್ದವರು ಷಿಕಾಗೊ ಕಬ್ಸ್ ತಂಡದ ಜಾನ್ ಲೀಬರ್.